ಒಳಗಿನ ನಂಬರು, ಹೊರಗಿನ ನಂಬರು

ಹಿಟ್ಟಿನ ಗಿರಣಿ ನಡೆಸುವವನು ಕಿವಿಯಿಂದ ಕೇಳುವುದಿಲ್ಲ, ಕಣ್ಣಿನಿಂದ ಕೇಳುತ್ತಾನೆ. ಸಿದ್ದಾಪುರ ಪೇಟೆ ಮುಗಿಯುವ ತಗ್ಗಿನಲ್ಲಿ ನಮ್ಮ ಗಿರಣಿ ಇದೆ. ಮೋಟಾರು ಶುರುವಾದರೆ ಪಕ್ಕದಲ್ಲಿ ನಿಂತವರು ಕೂಗಿದರೂ ಬಾಯಿ ಅಲ್ಲಾಡುವುದು ಮಾತ್ರ ಕಾಣುತ್ತದೆ. ಹಾಗಾಗಿ ಗಿರಾಕಿಗಳೂ ನಾನೂ ಸೇರಿ ಒಂದು ಕೈಭಾಷೆ ಮಾಡಿಕೊಂಡಿದ್ದೇವೆ. ಹೆಬ್ಬೆರಳನ್ನು ತೋರುಬೆರಳಿಗೆ ತಿಕ್ಕಿದರೆ ನುಣ್ಣಗೆ ಬೀಸಬೇಕು. ಮುಷ್ಟಿ ಬಿಚ್ಚಿ ಏನೋ ಉದುರಿಸಿದಂತೆ ಮಾಡಿದರೆ ತರಿ. ಉಳಿದದ್ದನ್ನು ತುಟಿ ನೋಡಿ ತಿಳಿದುಕೊಳ್ಳುತ್ತೇನೆ. ನಾಳೆ ಬರುತ್ತೇನೆ ಎಂಬುದು, ಹೋದ ಸಲ ಹಿಟ್ಟು ಬಿಸಿಯಾಗಿ ಕಮಟು ವಾಸನೆ ಬಂದಿತ್ತು ಎಂಬುದು, ನಿನ್ನ ಗಿರಣಿಗೆ ಬೆಂಕಿ ಬೀಳಲಿ ಎಂಬುದು, ಎಲ್ಲವೂ ತುಟಿಯ ಮೇಲೆ ಸ್ಪಷ್ಟವಾಗಿ ಕಾಣುತ್ತದೆ.

ಹೆಂಡತಿಯ ವಿಷಯದಲ್ಲಿ ಮಾತ್ರ ನಾನು ತಲೆ ಎತ್ತುತ್ತಿರಲಿಲ್ಲ. ಅವಳು ಗಿರಣಿಯ ಬಾಗಿಲಲ್ಲಿ ನಿಂತು ಏನಾದರೂ ಹೇಳಿದರೆ, ಹಿಟ್ಟು ಬೀಳುವ ಕಡೆ ನೋಡುತ್ತಲೇ ಎರಡು ಸಲ ತಲೆ ಆಡಿಸುತ್ತಿದ್ದೆ. ಇಪ್ಪತ್ತಾರು ವರ್ಷ ಹೀಗೆ ನಡೆಯಿತು. ಮುಖ್ಯವಾದ ಮಾತಾಗಿದ್ದರೆ ಮಧ್ಯಾಹ್ನ ಊಟಕ್ಕೆ ಕೂತಾಗ ಎರಡನೇ ಸಲ ಬರುತ್ತದೆ ಎಂಬ ಧೈರ್ಯ ನನ್ನದು. ಬರುತ್ತಲೂ ಇತ್ತು, ಸ್ವಲ್ಪ ಖಾರ ಹೆಚ್ಚಾಗಿ.

ಅವಳು ಹೋದ ದಿನವೂ ಬೆಳಿಗ್ಗೆ ಹತ್ತು ಗಂಟೆಯ ಸುಮಾರಿಗೆ ಬಂದು ಬಾಗಿಲಲ್ಲಿ ನಿಂತು ಏನೋ ಹೇಳಿದಳು. ನಾನು ತಲೆ ಆಡಿಸಿದೆ. ಹೋದಳು. ಹನ್ನೆರಡಕ್ಕೆ ಪಕ್ಕದ ಮನೆಯವರು ಓಡಿ ಬಂದು ನನ್ನ ಅಂಗಿ ಹಿಡಿದು ಎಳೆದರು. ಆಸ್ಪತ್ರೆ ಮುಟ್ಟುವ ಮೊದಲೇ ಎಲ್ಲ ಮುಗಿದಿತ್ತು. ಹೃದಯ ಎಂದರು. ಡಾಕ್ಟರು ಒಳ್ಳೆಯವರು, ಮೆತ್ತಗೆ ಕೇಳಿದರು: ಬೆಳಿಗ್ಗೆ ಏನಾದರೂ ಹೇಳಿದ್ದರಾ, ಎದೆ ಹಿಡಿದುಕೊಂಡಂತೆ, ಸುಸ್ತಾದಂತೆ? ಇಲ್ಲ ಎಂದೆ.

ಇಲ್ಲ ಎಂದು ಹೇಳಿದ ಮೇಲೆ ನೆನಪಾಯಿತು, ಹೇಳಿದ್ದಳು. ಏನೋ ಒಂದು ಹೇಳಿದ್ದಳು. ನಾನು ಆಗಲಿ ಎಂದಿದ್ದೆ.

ಸೂತಕದ ದಿನಗಳಲ್ಲಿ ಗಿರಣಿ ಮುಚ್ಚಿತ್ತು. ಮನೆ ಗಿರಣಿಯ ಹಿಂದೆಯೇ ಇರುವುದರಿಂದ ಬಂದವರೆಲ್ಲ ಗಿರಣಿಯ ಬಾಗಿಲು ದಾಟಿಯೇ ಬರಬೇಕು. ಮಾತಾಡಿಸಿ ಹೋಗಲು ಬರುವವರು ಒಂದು ಕ್ರಮದಲ್ಲಿ ಬರುತ್ತಾರೆ. ಮೊದಲು ಕಾಲು ತೊಳೆಯುತ್ತಾರೆ, ಆಮೇಲೆ ಚಾಪೆಯ ಮೇಲೆ ಕೂತು ಒಂದು ನಿಟ್ಟುಸಿರು ಬಿಡುತ್ತಾರೆ, ಆಮೇಲೆ ಫೋನು ತೆಗೆದು ಮೇಲೆತ್ತಿ ನೋಡುತ್ತಾರೆ. ನಮ್ಮದು ತಗ್ಗಾದ್ದರಿಂದ ಮನೆಯೊಳಗೆ ಯಾವ ಕಂಪನಿಯ ಸಿಗ್ನಲ್ಲೂ ಇಲ್ಲ. "ವೈಫೈ ಇದ್ದಾ?" ಎಂದು ಕೇಳುತ್ತಾರೆ. ಪಾಸ್‌ವರ್ಡ್ ಪಡೆದ ಮೇಲೆ, "ಹೆಂಗಾತು ಪಾಪ?" ಎಂದು ಕೇಳುತ್ತಾರೆ. ಸತ್ತವಳ ಹೆಸರಲ್ಲಿ ಇಂಟರ್ನೆಟ್ ಹಂಚಿದಷ್ಟು ಚಹಾ ಕೂಡ ನಾವು ಹಂಚಲಿಲ್ಲ.

ಈ ವೈಫೈ, ಅದರ ಡಬ್ಬಿ, ಅದರ ವಯರು, ಎಲ್ಲ ಅವಳದೇ ರಾಜ್ಯ. ಮದುವೆಗೆ ಮೊದಲು ಶಿರಸಿಯಲ್ಲಿ ಆರು ತಿಂಗಳು ಕಂಪ್ಯೂಟರ್ ಕ್ಲಾಸಿಗೆ ಹೋಗಿದ್ದಳು. ನಾನು ಹತ್ತನೇ ಇಯತ್ತೆ ಮುಗಿಸಿ ಅಪ್ಪನ ಗಿರಣಿಗೆ ಬಂದವನು. ಯಾವುದಕ್ಕೆ ಎಷ್ಟು ಎಣ್ಣೆ ಬಿಡಬೇಕು ಎನ್ನುವುದು ಗೊತ್ತಿತ್ತು, ಎಣ್ಣೆ ಬಿಡದೆ ನಡೆಯುವ ಯಂತ್ರಗಳ ಕಡೆ ನಾನು ಹೋಗುತ್ತಿರಲಿಲ್ಲ.

ಗಿರಣಿಗೆ ಕ್ಯಾಮೆರಾ ಹಾಕಿಸಿದ್ದೂ ಅವಳೇ. ಕಳ್ಳರ ಭಯದಿಂದ ಅಲ್ಲ, ಡಬ್ಬಗಳ ಜಗಳದಿಂದ. ನಮ್ಮಲ್ಲಿ ಜನ ಸಾಲಿನಲ್ಲಿ ನಿಲ್ಲುವುದಿಲ್ಲ, ಡಬ್ಬ ನಿಲ್ಲಿಸಿ ಪೇಟೆಗೆ ಹೋಗುತ್ತಾರೆ. ವಾಪಸ್ ಬಂದಾಗ ತಮ್ಮ ಡಬ್ಬ ಎರಡು ಸ್ಥಾನ ಹಿಂದೆ ಸರಿದಿರುತ್ತದೆ. ತಾನೇ ಸರಿಯಿತೇ, ಯಾರಾದರೂ ಕಾಲಿನಿಂದ ದೂಡಿದರೇ ಎಂಬ ಪ್ರಶ್ನೆಯಿಂದ ಎಷ್ಟೋ ಮನೆಗಳ ನಡುವೆ ಮಾತು ನಿಂತಿದೆ. ಅವಳು ಬಾಗಿಲಿಗೆದುರಾಗಿ, ಡಬ್ಬಗಳ ಸಾಲು ಕಾಣುವಂತೆ ಒಂದು ಕ್ಯಾಮೆರಾ ಹಾಕಿಸಿದಳು. ಅದರ ರೆಕಾರ್ಡರು ಮಾಡಿನ ಹತ್ತಿರ ಒಂದು ಹಲಗೆಯ ಮೇಲೆ ಕೂತಿತು. ಜಗಳ ಬಂದರೆ ಅವಳು ತನ್ನ ಫೋನಿನಲ್ಲಿ ತೆರೆದು ತೋರಿಸುತ್ತಿದ್ದಳು. "ನೋಡು ಅಕ್ಕಾ, ದೂಡಿದ್ದು ನಿನ್ನ ಕಾಲೇಯಾ." ಆ ಮೇಲೆ ಜಗಳ ಕಡಿಮೆಯಾಯಿತು, ಗಿರಾಕಿಗಳೂ ಸ್ವಲ್ಪ ಕಡಿಮೆಯಾದರು.

ಆ ಕ್ಯಾಮೆರಾ ಇರುವುದು ನನಗೆ ನೆನಪಾದದ್ದು ಹನ್ನೆರಡನೇ ದಿನ ಬೆಳಿಗ್ಗೆ. ನೆನಪು ಮಾಡಿಕೊಟ್ಟದ್ದು ಒಬ್ಬ ಅಜ್ಜಿ. ಆ ದಿನ ಹತ್ತು ಗಂಟೆಗೆ ಗಿರಣಿಯಲ್ಲಿ ಕೂತಿದ್ದವರು ಅವರೊಬ್ಬರೇ. ಮಾತಾಡಿಸಲು ಬಂದಾಗ ನಾನು ತಡೆಯಲಾರದೆ ಕೇಳಿದೆ, ನನ್ನ ಹೆಂಡತಿ ಬಾಗಿಲಲ್ಲಿ ನಿಂತು ಏನು ಹೇಳಿದಳು ಎಂದು.

"ನಾ ಎಂತಾ ಕೇಳ್ಲಿ ತಮ್ಮಾ? ನಿನ್ ಗಿರಣಿ ಸದ್ದಗೆ ನನ್ ಉಸಿರೇ ನನಗೆ ಕೇಳೂದಿಲ್ಲ."

"ಮುಖ ಹೆಂಗಿತ್ತು? ಸುಸ್ತಾದಂಗೆ ಕಾಣ್ತಿತ್ತಾ?"

"ಮುಖ ಮುಖದ ಹಂಗೇ ಇತ್ತು. ನಾ ನನ್ ಡಬ್ಬ ಕಾಯ್ತಾ ಕುಂತಿದ್ದೆ, ಅದ್ರ ಮುಖ ಎಲ್ಲಿ ನೋಡ್ಲಿ? ನಿನ್ ಕ್ಯಾಮ್ರಾದಾಗೆ ನೋಡು ಬೇಕಾರೆ. ನಾ ಯಾರ ಡಬ್ಬಾನೂ ದೂಡ್ಲಿಲ್ಲ, ಅದೂ ಕಾಣ್ತದೆ."

ನಾನು ಎದ್ದು ಒಳಗೆ ಹೋಗಿ ಕಪಾಟಿನಿಂದ ಹೆಂಡತಿಯ ಫೋನು ತೆಗೆದೆ. ಅದನ್ನು ದಿನಾ ಚಾರ್ಜಿಗೆ ಹಾಕುತ್ತಿದ್ದೆ, ಯಾಕೆಂದು ಯಾರೂ ಕೇಳಿರಲಿಲ್ಲ. ಅದರ ಬೀಗ ತೆಗೆಯಲು ಅವಳು ಬೆರಳಿನಿಂದ ಎಳೆಯುತ್ತಿದ್ದ ಗೆರೆಯೂ ಗೊತ್ತಿತ್ತು. ಕ್ಯಾಮೆರಾದ ಆ್ಯಪ್ ಒತ್ತಿದೆ. ಒಂದು ಚಕ್ರ ತಿರುಗಿತು, ತಿರುಗಿತು, ಸಂಪರ್ಕ ಇಲ್ಲ ಎಂದಿತು. ಕೆಳಗೆ ಒಂದು ಸಂಖ್ಯೆ ಇತ್ತು: 192.168.1.5.

ನಮ್ಮ ಊರಿಗೆ ಫೈಬರ್ ವಯರು ಎಳೆದವರು ಬನವಾಸಿ ಕಡೆಯವರು. ನನಗಿಂತ ನಾಲ್ಕು ವರ್ಷ ದೊಡ್ಡವರಿರಬೇಕು, ಮೊದಲು ಡಿಶ್ ಕಟ್ಟುತ್ತಿದ್ದರು. ಹೊರಗೆ ರಸ್ತೆಗೆ ಬಂದು ಫೋನು ಮಾಡಿದೆ. ಅವರು ಕಾನಸೂರಿನ ಹತ್ತಿರ ಮರ ಬಿದ್ದು ಹರಿದ ವಯರಿನ ಕೆಳಗೆ ಇದ್ದರು.

"ಅಣ್ಣಾರ, ಇವತ್ತು ಬರಾಕ ಆಗೂದಿಲ್ರಿ. ಫೋನ್ನಾಗ ಹೇಳ್ತೀನಿ, ಮಾಡ್ರಿ. ಮೊದಲ ಇದನ್ನ ಹೇಳ್ರಿ, ನಿಮಗ ಬೇಕಾದ್ದು ಎಷ್ಟ ದಿನ ಹಿಂದಿಂದು?"

"ಹನ್ನೆರಡು ದಿನ."

"ಆ ಮಷೀನು ಹದಿನಾಕು ದಿನ, ಹದಿನೈದು ದಿನ ಇಟ್ಕೊಂತದ್ರಿ. ತುಂಬಿದ ಮ್ಯಾಲೆ ಹಳೇದರ ಮ್ಯಾಲೇ ಹೊಸಾದು ಬರೀತದ. ಈಗಿಂದೀಗ ಸ್ವಿಚ್ ಆಫ್ ಮಾಡ್ರಿ."

ನಾನು ಗಿರಣಿಗೆ ಓಡಿದೆ. ಅಲ್ಲಿ ಆಗಲೇ ನನ್ನ ನಾದಿನಿ, ಹೆಂಡತಿಯ ತಂಗಿ, ಏಣಿ ಹತ್ತಿ ನಿಂತಿದ್ದಳು. ಅವಳು ಯಲ್ಲಾಪುರದ ಹತ್ತಿರ ಉಮ್ಮಚಗಿಯ ಅಂಗನವಾಡಿಯಲ್ಲಿ ಟೀಚರು, ಅಕ್ಕನ ಕ್ರಿಯಾಕರ್ಮ ಮುಗಿಯುವವರೆಗೆ ನಮ್ಮಲ್ಲೇ ಇದ್ದಳು. ಮಾತಾಡಿಸಲು ಬಂದವರ ಹಳಸಿದ ಮಾತು ಕೇಳಿ ಕೇಳಿ ಅವಳಿಗೂ ಸಾಕಾಗಿತ್ತು. ನಾನು ಅಜ್ಜಿಯ ಹತ್ತಿರ ಕೇಳಿದ್ದನ್ನು ಒಳಗಿಂದ ಕೇಳಿಸಿಕೊಂಡು, ಕ್ಯಾಮೆರಾದ ಮೇಲೆ ಹಿಟ್ಟಿನ ಚೀಲ ಹಾಕಿ ಹಗ್ಗದಿಂದ ಕಟ್ಟುತ್ತಿದ್ದಳು.

"ಅಳಿಸ್ಕ್ಯಂಡು ಹೋಗದು ಬೇಡ ಹೇಳಿ ಮುಚ್ಚಿದ್ದಿ ಭಾವ."

"ಅದು ಈಗ ಚೀಲದ ಒಳಗಿನ ಕತ್ತಲನ್ನ ರೆಕಾರ್ಡ್ ಮಾಡ್ತಾ ಇರ್ತು."

"ಥೋ," ಎಂದು ಇಳಿದಳು. ಸ್ವಿಚ್ಚು ತೆಗೆದೆವು. ಕೆಂಪು ದೀಪ ಆರಿತು. ಆದರೆ ಆರಿದ ಯಂತ್ರ ಏನನ್ನೂ ತೋರಿಸುವುದಿಲ್ಲ. ನೋಡಬೇಕಾದರೆ ಹಚ್ಚಬೇಕು, ಹಚ್ಚಿದರೆ ಹಳೆಯದನ್ನು ತಿನ್ನುತ್ತದೆ. ಮನೆಯ ಟಿವಿಗೆ ಸಿಕ್ಕಿಸಿ ನೋಡೋಣ ಎಂದರೆ, ಅದು ಬೆನ್ನು ಉಬ್ಬಿದ ಹಳೆಯ ಟಿವಿ, ಆ ವಯರಿಗೆ ತಕ್ಕ ತೂತು ಅದಕ್ಕಿಲ್ಲ. ಉಳಿದದ್ದು ಫೋನೊಂದೇ, ಫೋನಿಗೆ ರೆಕಾರ್ಡರಿನ ವಿಳಾಸ ಬೇಕು.

ಮತ್ತೆ ರಸ್ತೆಗೆ ಬಂದು ಕೇಳಿದಾಗ ಫೈಬರಿನವರು, "ಐಪಿ ಚೇಂಜ್ ಆಗೇತಿ, ಐಪಿ ನೋಡ್ರಿ" ಎಂದರು, ಅಷ್ಟರಲ್ಲಿ ಅವರ ಕಡೆ ಯಾರೋ ಮರ ಎಳೆಯಿರಿ ಎಂದು ಕೂಗಿ ಫೋನು ಕಟ್ಟಾಯಿತು. ಐಪಿ ನೋಡುವುದು ಹೇಗೆಂದು ನಾನು ನನ್ನ ಫೋನನ್ನೇ ಕೇಳಿದೆ. ನನ್ನ ಐಪಿ ಎಷ್ಟು ಎಂದು ಟೈಪು ಮಾಡಿದರೆ ಒಂದು ಪುಟ ತೆರೆದು ದೊಡ್ಡ ಅಕ್ಷರದಲ್ಲಿ ಒಂದು ಸಂಖ್ಯೆ ತೋರಿಸಿತು. ಜೊತೆಗೆ ನಾನು ಚೆನ್ನೈಯಲ್ಲಿ ಇದ್ದೇನೆ ಎಂದೂ ಹೇಳಿತು. ಹನ್ನೆರಡು ದಿನದಿಂದ ನಾನು ಈ ರಸ್ತೆಗಿಂತ ದೂರ ಹೋಗಿರಲಿಲ್ಲ. ಆದರೂ ಫೈಬರಿನವರು ಹೇಳಿದ್ದು ಇದೇ ಇರಬಹುದೆಂದು ಆ ಸಂಖ್ಯೆಯನ್ನು ಕೈಯ ಮೇಲೆ ಪೆನ್ನಿನಿಂದ ಬರೆದುಕೊಂಡು ಬಂದು, ರೆಕಾರ್ಡರು ಹಚ್ಚಿ, ಆ್ಯಪಿನಲ್ಲಿ ಹಾಕಿದೆ. ಚಕ್ರ ತಿರುಗಿತು. ಇಲ್ಲ. ಆಫ್ ಮಾಡಿದೆ.

ಅರ್ಧ ಗಂಟೆ ಬಿಟ್ಟು ಫೈಬರಿನವರೇ ನಮ್ಮ ವೈಫೈ ಮೇಲೆ ಕರೆ ಮಾಡಿದರು. ನಾನು ಓದಿ ಹೇಳಿದ ಸಂಖ್ಯೆ ಕೇಳಿ ನಕ್ಕರು.

"ಅದು ಹೊರಗಿನ ನಂಬರ್ರೀ ಅಣ್ಣಾರ. ಅದೂ ನೀವು ರಸ್ತಾದಾಗ ನಿಂತು ಮೊಬೈಲ್ ಡಾಟಾದ ಮ್ಯಾಲೆ ನೋಡೀರಿ, ನಿಮ್ಮ ಮನೀದೂ ಅಲ್ಲ, ಆ ಸಿಮ್ ಕಂಪನೀದು. ನಮಗ ಬೇಕಾದ್ದು ಒಳಗಿನ ನಂಬರ್. ತಿಥಿ ಊಟಕ್ಕ ಪಂಕ್ತಿ ಹಾಕ್ತೀರಲ್ಲ, ಹಂಗ ತಿಳೀರಿ. ಹೊರಗ ನಿಂತವರಿಗೆ ಕಾಣೂದು ನಿಮ್ಮ ಮನಿ ಒಂದ. ಒಳಗ ಯಾರು ಎಷ್ಟನೇ ಎಲಿಗೆ ಕುಂತಾರ ಅನ್ನೂದು ಬಡಸಾವಗ ಮಾತ್ರ ಗೊತ್ತಿರ್ತದ. ಆ ವೈಫೈ ಡಬ್ಬಿ ಐತಲ್ಲ, ರೌಟರು, ಅದ ಬಡಸಾವ. ಬಂದ ಫೋನಿಗೆಲ್ಲ ಒಂದೊಂದು ಎಲಿ ನಂಬರ್ ಕೊಡ್ತದ."

"ಮತ್ತೆ ನಮ್ಮ ರೆಕಾರ್ಡರಿನ ಎಲೆ ಎಲ್ಲಿ ಹೋತು?"

"ನಿನ್ನಿ ಕರೆಂಟು ಹೋಗಿತ್ತೇನ್ರಿ?"

ಹೋಗಿತ್ತು. ಹನ್ನೊಂದನೇ ದಿನ, ಭಟ್ಟರು ಮಂತ್ರ ಹೇಳುವಾಗ.

"ಹಂಗಾರ ಅದ. ಕರೆಂಟು ಬಂದ ಕೂಡಲೇ ರೌಟರ್ ಪಟಕ್ಕನ ಎದ್ದು ಎಲ್ಲರಿಗೂ ಹೊಸಾದಾಗಿ ಎಲಿ ಹಾಕ್ತು. ನಿಮ್ಮ ರೆಕಾರ್ಡರು ಏಳಾಕ ಎರಡು ನಿಮಿಷ ಬೇಕು, ವಯಸ್ಸಾದವ್ರ ಗತೆ. ಅದು ಬರೂದ್ರಾಗ ಐದನೇ ಎಲಿಗೆ ನಿಮ್ಮ ಬೀಗರು ಯಾರೋ ಕುಂತಾರ್ರೀ."

ಇಷ್ಟು ಚೆಂದಾಗಿ ನನಗೆ ಶಾಲೆಯಲ್ಲಿ ಯಾರೂ ಏನನ್ನೂ ಹೇಳಿಕೊಟ್ಟಿರಲಿಲ್ಲ. ಫೋನಿನ ಸೆಟ್ಟಿಂಗಿಗೆ ಹೋಗಿ, ವೈಫೈ ಒತ್ತಿ, ನಮ್ಮ ವೈಫೈ ಹೆಸರಿನ ಪಕ್ಕದ ಹಲ್ಲಿನ ಚಕ್ರ ಒತ್ತಿದರೆ ಕೆಳಗೆ ಐಪಿ ಎಂದು ಇರುತ್ತದೆ ಎಂದರು. ನೋಡಿದೆ. 192.168.1.9. ಸಂತೋಷದಿಂದ ಅದನ್ನೇ ಆ್ಯಪಿನಲ್ಲಿ ಹಾಕಿದೆ. ಚಕ್ರ ಮತ್ತೆ ತಿರುಗಿತು.

ಪಕ್ಕದಲ್ಲಿ ನಿಂತ ನಾದಿನಿ, "ಭಾವ, ಅದು ನಿನ್ನ ಫೋನಿನ ನಂಬರು. ನಿನ್ನ ಮನೆ ಬಾಗಿಲು ನೀನೇ ತಟ್ಟಿ ಯಾರೂ ಇಲ್ಲೆ ಅಂದ್ರೆ ಹೆಂಗೆ?" ಎಂದಳು.

ಆಮೇಲೆ ಅವಳಿಗೆ ಒಂದು ಉಪಾಯ ಹೊಳೆಯಿತು. ಒಳಗೆ ಚಾಪೆಯ ಮೇಲೆ ಕೂತವರು ಇಪ್ಪತ್ತು ಜನ. ಯಾರ ಹತ್ತಿರ ಯಾವ ನಂಬರು ಇದೆ ಎಂದು ಬರೆದುಕೊಂಡರೆ ಉಳಿದದ್ದು ರೆಕಾರ್ಡರಿನದು. ಫೈಬರಿನವರನ್ನು ಕೇಳಿದ್ದರೆ ಇದು ಸುತ್ತಿನ ದಾರಿ ಎನ್ನುತ್ತಿದ್ದರು, ಆದರೆ ಅವರು ಮತ್ತೆ ಮರದ ಕೆಳಗೆ ಹೋಗಿದ್ದರು. ಅವಳು ಅಂಗನವಾಡಿಯಲ್ಲಿ ಮಕ್ಕಳ ಕೈ ತೊಳೆದಿದೆಯೇ ಎಂದು ನೋಡುವ ಧಾಟಿಯಲ್ಲೇ ಒಳಗೆ ಹೋಗಿ ನಿಂತಳು.

"ಎಲ್ಲ ಫೋನು ತೆಗೀರಿ. ಸೆಟ್ಟಿಂಗ್, ವೈಫೈ, ಅದ್ರೊಳಗೆ ಕೆಳಗೆ ಒಂದು ನಂಬರು ಇದ್ದು. ಕಡೇ ಅಂಕೆ ಮಾತ್ರ ಹೇಳಿ."

ಭಟ್ಟರು ಕೂಡ ಫೋನು ತೆಗೆದರು. ಹುಬ್ಬಳ್ಳಿಯಿಂದ ಬಂದಿದ್ದ ಒಬ್ಬ ಸಂಬಂಧಿಕಳ ಫೋನು ಬೇರೆ ಜಾತಿಯದು, ಅದರಲ್ಲಿ ಹಲ್ಲಿನ ಚಕ್ರ ಇಲ್ಲ, ವೃತ್ತದೊಳಗೆ ನಿಂತ ಒಂದು ಪುಟ್ಟ ಕಂಬ ಒತ್ತಬೇಕು. ಅವಳು ಅದನ್ನು ಮೂರು ಸಲ ವಿವರಿಸಿದಳು, ಫೋನಿನ ಬೆಲೆಯ ಸಮೇತ. ಕೆಲವರ ಫೋನಿನಲ್ಲಿ ನಂಬರು ವೈಫೈ ಒಳಗೆ ಸಿಗದೆ, ಫೋನಿನ ಬಗ್ಗೆ ಎಂಬ ಕೊನೆಯ ಪುಟದಲ್ಲಿ ಸಿಕ್ಕಿತು. ಏಳು, ಹನ್ನೊಂದು, ಮೂರು, ಹತ್ತೊಂಬತ್ತು ಎಂದು ಕೋಣೆ ತುಂಬ ಅಂಕೆಗಳು ಎದ್ದವು. ಆ ಹೊತ್ತಿಗೆ ಸರಿಯಾಗಿ ಒಬ್ಬರು ಹೊಸಬರು ಮಾತಾಡಿಸಲು ಬಂದು, ಬಾಗಿಲಲ್ಲೇ ನಿಂತು, ಇದು ನಮ್ಮ ಕಡೆಯ ಯಾವ ವಿಧಿಯೋ ಎಂದು ಕೈ ಮುಗಿದರು.

"ಐದು," ಎಂದು ಮೂಲೆಯಿಂದ ಒಂದು ಧ್ವನಿ ಬಂತು. ಹೆಂಡತಿಯ ದೊಡ್ಡಪ್ಪ.

ಎಲ್ಲರೂ ಅವರ ಕಡೆ ತಿರುಗಿದರು. ಅವರು ಫೋನನ್ನು ಎದೆಗೆ ಒತ್ತಿಕೊಂಡರು. "ಆನು ಎಂತ ಮಾಡಿದ್ನೋ ಮಾರಾಯ? ಅದೇ ಕೊಟ್ಟದ್ದು. ಆನು ಕೇಳಿದ್ನಿಲ್ಲೆ."

"ಎದ್ದು ಹೋಗಿ ಹೇಳ್ತಾ ಇಲ್ಲೆ ದೊಡ್ಡಪ್ಪ," ಎಂದಳು ನಾದಿನಿ. "ಕೂತ್ಗ."

ಕಳ್ಳ ಸಿಕ್ಕಿದರೂ ಕಳೆದುಹೋದದ್ದು ಸಿಗಲಿಲ್ಲ. ರೆಕಾರ್ಡರಿಗೆ ಹದಿನಾಲ್ಕೂ ಇರಬಹುದು, ಇಪ್ಪತ್ತೂ ಇರಬಹುದು. ಒಂದೊಂದೇ ಹಾಕಿ ನೋಡಲು ಕೂತರೆ ಯಂತ್ರ ಹಚ್ಚಿಯೇ ಇರಬೇಕು. ನನಗೆ ಆ ಕೆಂಪು ದೀಪ ಹತ್ತಿದ ಪ್ರತಿ ನಿಮಿಷವೂ ಯಾರೋ ಸ್ಲೇಟು ಒರೆಸುತ್ತಿರುವಂತೆ ಕಾಣುತ್ತಿತ್ತು. ಅದು ಒರೆಸುವುದು ಹದಿನೈದು ದಿನ ಹಿಂದಿನದನ್ನು, ಹನ್ನೆರಡು ದಿನ ಹಿಂದಿನದನ್ನಲ್ಲ ಎಂದು ನಾದಿನಿ ಎಷ್ಟು ಹೇಳಿದರೂ ನನ್ನ ತಲೆಗೆ ಹೋಗಲಿಲ್ಲ. ತಲೆಯಲ್ಲಿ ಬೇರೆ ಒಂದೇ ಚಿತ್ರ ಇತ್ತು. ಹೆಂಡತಿ ಬಾಗಿಲಲ್ಲಿ ಎದೆಯ ಮೇಲೆ ಕೈ ಇಟ್ಟುಕೊಂಡು ನಿಂತಿದ್ದಾಳೆ, ನಾನು ಹಿಟ್ಟು ನೋಡುತ್ತಾ ತಲೆ ಆಡಿಸುತ್ತಿದ್ದೇನೆ.

ಊಟದ ಹೊತ್ತಿಗೆ ಫೈಬರಿನವರು ಮರದಿಂದ ಬಿಡುಗಡೆಯಾದರು. ಇಪ್ಪತ್ತು ಜನರ ಅಂಕೆ ಬರೆದುಕೊಂಡ ಕತೆ ಕೇಳಿ ಅವರಿಗೆ ಕೆಮ್ಮು ಬಂತು.

"ಉಂಡಾವರನ್ನ ಯಾಕ ಕೇಳ್ತೀರಿ, ಬಡಸಾವನ್ನ ಕೇಳ್ರಿ. ಅಕ್ಕಾರದು ಒಂದು ಲ್ಯಾಪ್‌ಟಾಪ್ ಇತ್ತಲ್ಲ? ತೆಗೀರಿ."

ಅಕ್ಕಿ ಡಬ್ಬದ ಹಿಂದೆ ಇತ್ತು. ಅವರು ಹೇಳಿದಂತೆ ನಾದಿನಿ ಒಂದು ಕರಿಯ ಕಿಟಕಿ ತೆರೆದಳು, ಅದರಲ್ಲಿ ಐಪಿಕಾನ್ಫಿಗ್ ಎಂದು ಇಂಗ್ಲಿಷಿನಲ್ಲಿ ಹೊಡೆದು ಎಂಟರ್ ಒತ್ತಿದಳು. ಬಿಳಿ ಅಕ್ಷರಗಳು ದಡದಡ ಇಳಿದವು. ಒಂದು ಸಾಲಿನಲ್ಲಿ ಲ್ಯಾಪ್‌ಟಾಪಿನ ಸ್ವಂತ ನಂಬರು. ಅದರ ಎರಡು ಸಾಲು ಕೆಳಗೆ ಗೇಟ್‌ವೇ ಎಂದು ಇನ್ನೊಂದು: 192.168.1.1.

"ಅದ ರೌಟರಿಂದು. ಎಲ್ಲಾ ನಂಬರ್ ಕೊಡಾವಂದು."

"ನಿಮ್ಮನೆ ರೌಟರಿಂದು ಎಷ್ಟು?" ಎಂದು ನಾನು ಕೇಳಿದೆ, ಸುಮ್ಮನೆ.

"ಇದರೀ. ಎಕ್ಕಂಬಿಯೊಳಗ ನೋಡ್ರಿ, ಯಲ್ಲಾಪುರದಾಗ ನೋಡ್ರಿ, ಭಾಳ ಮನಿಯಾಗ ಇದ ನಂಬರ್."

ಇದು ನನಗೆ ಬಹಳ ವಿಚಿತ್ರವೆನಿಸಿತು. ಜಿಲ್ಲೆಯ ಮನೆಮನೆಯಲ್ಲೂ ಒಂದೇ ವಿಳಾಸ ಇಟ್ಟುಕೊಂಡು, ಪಕ್ಕದ ಮನೆಯ ಮಾತು ಒಂದೂ ಕೇಳಿಸದಂತೆ ಜನ ಬದುಕಿದ್ದಾರೆ. ಗೋಡೆಯ ಒಳಗೆ ಒಂದು ಎಲೆ ಆಚೀಚೆಯಾದರೆ ಮಾತ್ರ ತೊಂದರೆ.

ಆ ನಂಬರನ್ನು ಲ್ಯಾಪ್‌ಟಾಪಿನ ಬ್ರೌಸರಿನ ಮೇಲ್ಗಡೆ ಹೊಡೆದಾಗ ರೌಟರು ತನ್ನ ಹೆಸರು, ಪಾಸ್‌ವರ್ಡ್ ಕೇಳಿತು. ಅವು ರೌಟರಿನ ಹೊಟ್ಟೆಯ ಕೆಳಗೆ ಚೀಟಿಯಲ್ಲಿ ಇರುತ್ತವೆ ಎಂದರು. ನಮ್ಮ ರೌಟರಿನ ಹೊಟ್ಟೆಯ ಮೇಲೆ ಆರು ವರ್ಷದ ಹಿಟ್ಟು ಕೂತಿತ್ತು. ನಾದಿನಿ ಸೆರಗಿನಿಂದ ಒರೆಸಿ ಓದಿದಳು. ಒಳಗೆ ಹೋದೆವು. ಮನೆಯಲ್ಲಿ ಯಾರ್ಯಾರಿಗೆ ನಂಬರು ಕೊಟ್ಟಿದೆ ಎಂಬ ಪಟ್ಟಿ ಇತ್ತು. ನೆಂಟರ ಫೋನುಗಳ ಹೆಸರು ಕಂಪನಿಯವರು ಇಟ್ಟದ್ದು, ಬರೀ ಅಕ್ಷರ, ಅಂಕೆ. ಮನೆಯವುಗಳಿಗೆ ಮಾತ್ರ ನನ್ನ ಹೆಂಡತಿ ತಾನೇ ಹೆಸರು ಟೈಪು ಮಾಡಿ ಇಟ್ಟಿದ್ದಳು. ಅವಳ ಫೋನಿಗೆ ಯಜಮಾನಿ. ನನ್ನದಕ್ಕೆ ಕೊನೇ ಡಬ್ಬ.

ನಾದಿನಿ ಜೋರಾಗಿ ನಕ್ಕು, ಒಳಗಿನವರು ಕೇಳಿಸಿಕೊಂಡಾರೆಂದು ಬಾಯಿಗೆ ಕೈ ಇಟ್ಟುಕೊಂಡಳು. ಆಮೇಲೆ ಆ ಕೈಯನ್ನು ಸ್ವಲ್ಪ ಹೊತ್ತು ಅಲ್ಲೇ ಇಟ್ಟುಕೊಂಡಿದ್ದಳು. ಅವಳ ಅಕ್ಕನ ಫೋನು ನನ್ನ ಜೇಬಿನಲ್ಲಿ ಇತ್ತು, ಆದ್ದರಿಂದ ಯಜಮಾನಿಯ ಎದುರು ಹಸಿರು ಚುಕ್ಕೆ ಹತ್ತಿತ್ತು. ಮನೆಯಲ್ಲಿ ಇದ್ದಾಳೆ ಎಂದು ರೌಟರಿನ ಲೆಕ್ಕ.

ರೆಕಾರ್ಡರಿನ ಸ್ವಿಚ್ಚು ಹಾಕಿ ಎರಡು ನಿಮಿಷ ಕಾದೆವು. ಪಟ್ಟಿಯ ಕೆಳಗೆ ಒಂದು ಹೊಸ ಸಾಲು ಬಂತು. ಅದಕ್ಕೆ ಅವಳು ಇಟ್ಟ ಹೆಸರು ಸಾಕ್ಷಿ. ಎದುರಿಗೆ 192.168.1.23. ನಾದಿನಿ ಅಕ್ಕನ ಫೋನು ತೆಗೆದುಕೊಂಡು ಐದನ್ನು ಅಳಿಸಿ ಇಪ್ಪತ್ತಮೂರು ಹಾಕಿದಳು. ಚಕ್ರ ತಿರುಗಲೇ ಇಲ್ಲ. ಗಿರಣಿ ಕಂಡಿತು, ಅಥವಾ ಹಿಟ್ಟಿನ ಚೀಲ ಕಂಡಿತು. ಹಿಂದಿನ ದಿನಗಳಿಗೆ ಹೋಗುವ ಗುಂಡಿ ಒತ್ತಿ, ಆ ದಿನ, ಹತ್ತು ಗಂಟೆ ಆರಿಸಿ, ಫೋನನ್ನು ನನ್ನ ಕೈಗೆ ಕೊಟ್ಟು, "ನೀನೇ ನೋಡು," ಎಂದಳು. ಹೋಗಲಿಲ್ಲ, ಹಿಂದೆಯೇ ನಿಂತಳು.

ಶಬ್ದ ಇಲ್ಲದ ಚಿತ್ರ. ನನ್ನ ತಲೆಯ ನಡು ಬೋಳಾಗಿದೆ ಎಂದು ಅವಳು ಹೇಳುತ್ತಿದ್ದುದು ನಿಜ. ಅಜ್ಜಿ ಸ್ಟೂಲಿನ ಮೇಲೆ ಕೂತು ತನ್ನ ಡಬ್ಬವನ್ನೇ ನೋಡುತ್ತಿದ್ದಾರೆ. ಹತ್ತು ಗಂಟೆ ಏಳು ನಿಮಿಷಕ್ಕೆ ನನ್ನ ಹೆಂಡತಿ ಬಾಗಿಲಿಗೆ ಬಂದಳು. ಎದೆಯ ಮೇಲೆ ಕೈ ಇರಲಿಲ್ಲ, ಎರಡೂ ಕೈಯಲ್ಲಿ ಒಂದು ಡಬ್ಬ ಇತ್ತು. ಅದನ್ನು ಸಾಲಿನ ಕೊನೆಗೆ ಇಟ್ಟಳು. ಯಜಮಾನಿಯ ಡಬ್ಬ ಯಾವತ್ತೂ ಸಾಲಿನಲ್ಲಿ ಕೂತದ್ದಲ್ಲ, ಸೀದಾ ಮೊದಲಿಗೆ ಬರುತ್ತಿತ್ತು. ಆ ದಿನ ಅಜ್ಜಿಯ ಕಣ್ಣಿಗೆ ಹೆದರಿರಬೇಕು. ನೆಟ್ಟಗೆ ನಿಂತು ನನ್ನ ಕಡೆ ನೋಡಿ ಮಾತಾಡಿದಳು.

ತುಟಿ ಓದುವುದು ನನ್ನ ಕಸುಬು. ಮೊದಲ ಸಲಕ್ಕೇ ತಿಳಿಯಿತು. ಆದರೂ ನಾಲ್ಕು ಸಲ ಹಿಂದೆ ಹಾಕಿ ನೋಡಿದೆ. ಇದು ನಮ್ಮನೇದು, ಎಂದಳು. ಮುಷ್ಟಿ ಬಿಚ್ಚಿ ಉದುರಿಸಿದಳು, ತರಿ. ಚಿತ್ರದಲ್ಲಿ ನಾನು ಹಿಟ್ಟಿನ ಕಡೆ ನೋಡುತ್ತಾ ಎರಡು ಸಲ ತಲೆ ಆಡಿಸಿದೆ. ಅವಳು ಇನ್ನೂ ನಿಂತಿದ್ದಳು, ನಾನು ನೋಡುತ್ತೇನೋ ಎಂದು. ನಾನು ನೋಡಲಿಲ್ಲ. ಅವಸರ ಇಲ್ಲೆ, ಎಂದಳು. ಅದಕ್ಕೂ ನಾನು ತಲೆ ಆಡಿಸಿದೆ.

ಆಮೇಲೆ ಅವಳು ತಿರುಗಿ ಬಾಗಿಲಿನ ಚೌಕಟ್ಟು ಹಿಡಿದು ಸ್ವಲ್ಪ ಬಾಗಿದಳು. ಒಂದು, ಎರಡು, ಮೂರು, ನಾಲ್ಕು ಸೆಕೆಂಡು. ಆಮೇಲೆ ಹೋದಳು.

"ಇಲ್ಲಿ," ಎಂದೆ. "ಇಲ್ಲಿ ಎಂತಕ್ಕೆ ಹಿಡ್ಕಂಡಿದ್ದು?"

ನಾದಿನಿ ಫೋನು ತೆಗೆದುಕೊಂಡು ಕಣ್ಣಿನ ಹತ್ತಿರ ಹಿಡಿದಳು. "ಚಪ್ಪಲಿ ಹಾಕ್ಕಂಡಿದ್ದು ಭಾವ. ಎಡಗಾಲಿಂದು ಬೆರಳಿಗೆ ಸಿಕ್ತಾ ಇಲ್ಲೆ. ಹಾಂ, ಈಗ ಸಿಕ್ತು ನೋಡು."

"ನಾಲ್ಕು ಸೆಕೆಂಡು ಬೇಕಾ ಅದಕ್ಕೆ?"

"ಆ ಚಪ್ಪಲಿಗೆ ಬೇಕು. ಅಂಗುಷ್ಠ ಕಿತ್ತು ಪಿನ್ನು ಹಾಕಿತ್ತು. ಹೊಸಾದು ತಗ ಅಂದ್ರೆ ತಗತಿತ್ತಿಲ್ಲೆ."

ಚಪ್ಪಲಿಯೇ ಇರಬೇಕು. ಕಾಲು ಚಿತ್ರದಲ್ಲಿ ಅರ್ಧ ಮಾತ್ರ ಕಾಣುತ್ತದೆ. ಆ ನಾಲ್ಕು ಸೆಕೆಂಡನ್ನು ನಾನು ಈಗಲೂ ಆಗಾಗ ನೋಡುತ್ತೇನೆ. ಮುಕ್ಕಾಲು ಪಾಲು ಚಪ್ಪಲಿ ಎಂದು ಒಪ್ಪಿಕೊಂಡಿದ್ದೇನೆ.

ಅಷ್ಟು ಭಾಗವನ್ನು ಅವಳ ಫೋನಿನಲ್ಲಿ ಉಳಿಸಿದೆವು. ಫೈಬರಿನವರು ರೌಟರಿನ ಪುಟದಲ್ಲಿ ಇನ್ನೊಂದು ಗುಂಡಿ ತೋರಿಸಿ, ಸಾಕ್ಷಿಗೆ ಇಪ್ಪತ್ತಮೂರನೇ ಎಲೆಯನ್ನು ಕಾಯಂ ಮಾಡಿಸಿದರು, ಇನ್ನು ಯಾವ ದೊಡ್ಡಪ್ಪ ಬಂದರೂ ಅಲ್ಲಿ ಕೂರುವಂತಿಲ್ಲ. ನಾನು ಕ್ಯಾಮೆರಾದ ಚೀಲ ಬಿಚ್ಚಿದೆ. ರೆಕಾರ್ಡರು ಹತ್ತಿಯೇ ಇರಲಿ ಎಂದೆ. ಇನ್ನು ಮೂರು ದಿನಕ್ಕೆ ಆ ಹತ್ತು ಗಂಟೆ ಅದರ ಹೊಟ್ಟೆಯಿಂದ ಹೋಗುತ್ತದೆ, ಅದರ ಹಿಂದೆ ಹನ್ನೆರಡು ಗಂಟೆಯೂ, ನೆಂಟರು ಕಾಲು ತೊಳೆದು ಒಳಗೆ ಹೋದದ್ದೂ ಹೋಗುತ್ತದೆ. ಹೋಗಲಿ.

ತಿರುಗಿ ನೋಡಿದರೆ ಅವಳ ಡಬ್ಬ ಸಾಲಿನ ಜಾಗದಲ್ಲೇ ಇತ್ತು. ಬೇರೆಯವರೆಲ್ಲ ತಮ್ಮ ತಮ್ಮದನ್ನು ಒಯ್ದಿದ್ದರು, ಇದು ಯಾರದ್ದೋ ಎಂದು ಹನ್ನೆರಡು ದಿನ ಅದನ್ನು ದಾಟಿಕೊಂಡು ಓಡಾಡಿದ್ದೆ. ಮುಚ್ಚಳ ತೆಗೆದೆ. ಗೋಧಿ, ಸಣ್ಣಗೆ ಹುಳ ಬಿದ್ದಿತ್ತು. ಜರಡಿ ಹಿಡಿದು, ಕೇರಿ, ಆರಿಸಿದೆ.

ದೊಡ್ಡಪ್ಪ ಒಳಗಿನಿಂದ ಬಂದರು. "ನಾಳೆ ಹದಿಮೂರು ಮುಗಿಯವರೆಗೆ ಗಿರಣಿ ಹಚ್ಚಲಾಗ್ತಿಲ್ಲೆ ಮಾರಾಯ. ಊರಿನವು ಎಂತ ಹೇಳ್ತ?"

ನಾನು ಗೋಧಿಯ ಕಡೆ ನೋಡುತ್ತಾ ಎರಡು ಸಲ ತಲೆ ಆಡಿಸಿ, ಮೋಟಾರು ಹಚ್ಚಿದೆ.

ಮೋಟಾರು ಎಳೆದ ರಭಸಕ್ಕೆ ಮನೆಯ ದೀಪಗಳೆಲ್ಲ ಒಮ್ಮೆ ಕಂದಿದವು. ಗೋಧಿ ಕಲ್ಲಿನೊಳಗೆ ಇಳಿಯಿತು, ತರಿ ಬೀಳತೊಡಗಿತು. ಸ್ವಲ್ಪ ಹೊತ್ತಿಗೆ ನಾದಿನಿ ಬಾಗಿಲಲ್ಲಿ ಬಂದು ನಿಂತು ಏನೋ ಹೇಳಿದಳು. ತುಟಿ ಓದಬಹುದಿತ್ತು. ನಾನು ಸ್ವಿಚ್ಚನ್ನು ಕೆಳಗೆ ಎಳೆದೆ. ಕಲ್ಲು ಪೂರ್ತಿ ನಿಲ್ಲಲು ಅರ್ಧ ನಿಮಿಷ ಬೇಕು. ಇಬ್ಬರೂ ಕಾದೆವು.

"ಎಂತ ಹೇಳ್ದೆ?"

"ನೆಟ್ ಹೋತು ಹೇಳ್ದೆ. ನಿನ್ನ ಮೋಟಾರಿಗೆ ಆ ಡಬ್ಬಿ ಆರಿ ಮತ್ತೆ ಹತ್ತಿದ್ದು, ಒಳಗೆ ಎಲ್ಲ ಕೂಗ್ತಾ ಇದ್ದ್ರು. ಇಷ್ಟಕ್ಕೆ ಗಿರಣಿ ನಿಲ್ಸದಾ?"

"ಮತ್ತೆಂತಾರು ಇದ್ರೆ ಹೇಳು."

ಅವಳು ಒಳಗೆ ಬಂದು, ಬಿದ್ದ ರವೆಯನ್ನು ಚಿಟಿಕೆ ತೆಗೆದು ಬೆರಳ ನಡುವೆ ತಿಕ್ಕಿ ನೋಡಿದಳು.

"ಅಕ್ಕಂಗೆ ಇಷ್ಟು ದಪ್ಪ ಆಗ್ತಿಲ್ಲೆ," ಎಂದಳು.

ನಾನು ಕಲ್ಲನ್ನು ಅರ್ಧ ಸುತ್ತು ಬಿಗಿ ಮಾಡಿದೆ.